ಅಡುಗೆಯಿಲ್ಲದ ಒಲೆ

ಮೊದಲ ಭೇಟಿಯಲ್ಲೇ ಲೋಹಿತ ಅವಳ ಒಲೆಗೆ ನೀರು ಸುರಿದ.

ಯಾರೂ ವಾಸವಿಲ್ಲದ ಮನೆಯ ಅಡುಗೆಕೋಣೆಯಿಂದ ಹೊಗೆ ಏಳುತ್ತಿದ್ದರೆ ಯಾರಾದರೂ ಅದನ್ನೇ ಮಾಡುತ್ತಾರೆ, ಪಾಪ. ವರದಾ ನದಿಯ ದಂಡೆಯ ಆ ಹಳೇ ವಾಡೆಯ ಮರಗೆಲಸ ಸರಿಪಡಿಸಲು ಹಂಸಭಾವಿಯಿಂದ ಅವತ್ತೇ ಬಂದಿಳಿದ ಬಡಿಗ ಅವನು. ಕೊಡ ಎತ್ತಿಕೊಂಡು ಓಡಿಬಂದು ಸುರಿದೇಬಿಟ್ಟ. ಹೊಗೆಯ ಹಿಂದಿನಿಂದ ಸುಜಾತಾ ಎದ್ದು ನಿಂತಳು. ಸೀರೆಯ ನೆರಿಗೆಯೆಲ್ಲ ತೊಯ್ದಿತ್ತು.

“ಕಣ್ಣ ಕಾಣಂಗಿಲ್ಲೇನ್ರಿ?”

“ಬೆಂಕಿ ಹತ್ತೈತಿ ಅನ್ಕೊಂಡೆ, ಅಕ್ಕಾರ...”

“ಹತ್ತಿಲ್ಲ. ನಾನ ಹಚ್ಚೇನಿ.”

ಒಲೆಯಲ್ಲಿ ಸಗಣಿಯ ಕುಳ್ಳು, ಬೇವಿನ ತೊಪ್ಪಲು. ಮೇಲೆ ಪಾತ್ರೆಯಿಲ್ಲ.

“ಅಡಿಗಿನ ಇಟ್ಟಿಲ್ಲಲ್ರಿ!”

“ಉಣ್ಣವ್ರು ಯಾರದಾರ? ತೊಲಿಗೆ ಹುಳ ಹಿಡೀಬಾರ್ದಂತ ಹೊಗಿ ಹಾಕ್ತೇನಿ.”

ಲೋಹಿತ ತಲೆ ಎತ್ತಿದ. ಅವಳ ಮುತ್ತಜ್ಜ ಹಳಿಯಾಳದ ಕಡೆಯಿಂದ ಬಂಡಿಯಲ್ಲಿ ತರಿಸಿದ ಸಾಗವಾನಿ ತೊಲೆಗಳು ಕಪ್ಪಗೆ, ಗಟ್ಟಿಮುಟ್ಟಾಗಿದ್ದವು. ಅವನು ಕೊಡ ಕೆಳಗಿಟ್ಟ.

“ತಪ್ಪಾತ್ರಿ. ಕಡ್ಡಿಪೆಟ್ಗಿ ಕೊಡ್ರಿ, ನಾನ ಹಚ್ಚತೇನಿ.”

ಒದ್ದೆ ಕುಳ್ಳು ಸುಲಭಕ್ಕೆ ಹತ್ತೀತೇ? ಅವನ ಕಣ್ಣು ಮೂಗಲ್ಲೆಲ್ಲ ನೀರು. ಸುಜಾತಾ ಸೆರಗು ಅಡ್ಡ ಹಿಡಿದು ನಕ್ಕಳು. ಆ ಮನೆಯಲ್ಲಿ ತನ್ನ ನಗು ತನಗೇ ಕೇಳಿ ಅವಳಿಗೆ ಹೇಗೋ ಆಯಿತು.

ಮದುವೆ ಮುರಿದ ಮೇಲೆ ಅವಳು ಅಕ್ಕಿಆಲೂರಿನಲ್ಲಿ ಒಂದು ಖೋಲಿ ಹಿಡಿದು ಹೊಲಿಗೆ ಕಲಿಸುತ್ತಿದ್ದಳು. ಸಂಜೆ ಬಸ್ಸಿಗೆ ವಾಡೆಗೆ ಬಂದು, ಒಲೆ ಹಚ್ಚಿ, ಅದು ಆರುವ ತನಕ ಕೂತು ಮರಳುವುದು ರೂಢಿ. ಊಟ ಆಯಿತೇ ಎಂದು ಕೇಳುವವರಿಲ್ಲದ ಖೋಲಿಗೆ ಹೋಗುವುದನ್ನು ಒಂದಿಷ್ಟು ಹೊತ್ತು ಮುಂದೂಡಲಿಕ್ಕೂ ಅವಳಿಗೆ ಈ ಒಲೆ ಬೇಕಾಗಿತ್ತು. ಕಾಕನ ಮಕ್ಕಳೆಲ್ಲ ಸೇರಿ ವಾಡೆಯನ್ನು ಉಳಿಸಲು ಟ್ರಸ್ಟ್ ಮಾಡಿದಾಗ ಅವಳೂ ಸಹಿ ಹಾಕಿದ್ದಳು. ಒಬ್ಬಳ ದುಡಿಮೆಯಲ್ಲಿ ಅಷ್ಟು ದೊಡ್ಡ ಮನೆ ನಿಲ್ಲುವುದುಂಟೇ?

ಕೆಲಸ ಮುಗಿಸಿದ ಮೇಲೆ ಲೋಹಿತ ದಿನಾ ಒಲೆಯ ಆಚೆ ಬದಿಗೆ ಬಂದು ಕೂರತೊಡಗಿದ. ಅವಳು ಹಳೆಯದನ್ನೆಲ್ಲ ಹೇಳುತ್ತಿದ್ದಳು.

“ದೊಡ್ಡ ಹೊಳಿ ಬಂದಾಗ ನೀರು ಹೊಸ್ತಿಲಮಟ ಬಂದಿತ್ತಂತ. ಅರ್ಧ ಊರ ಈ ಪಡಸಾಲ್ಯಾಗ. ನಮ್ಮ ಆಯಿ ಹೊಳಿ ಇಳಿಯೋಮಟ ಒಲಿ ಆರಿಸಲಿಲ್ಲಂತ. ಎಲ್ಲಾ ಜಾತಿಯವ್ರಿಗೂ ಒಂದ ಹಂಡೇದ ಗಂಜಿ... ಒಲಿ ಈಕಡೆ ಐತ್ರಿ.”

“ಗೊತ್ತೈತ್ರಿ,” ಎಂದ ಲೋಹಿತ, ಅವಳ ಮುಖದಿಂದ ಕಣ್ಣು ತೆಗೆಯದೆ.

ಅವನ ಹೆಂಡತಿ ತೀರಿಕೊಂಡಿದ್ದಳು. “ಊರೂರು ತಿರುಗಿ ಮಂದಿ ಮನಿ ರಿಪೇರಿ ಮಾಡ್ತೇನಿ. ನನ್ನ ಮನ್ಯಾಗ ಲೈಟ್ ಹಚ್ಚಾಕೂ ಮನಸ ಬರಂಗಿಲ್ಲ,” ಎಂದಿದ್ದ ಒಮ್ಮೆ.

ಅವನು ‘ಅಕ್ಕಾರ’ ಎನ್ನುವುದನ್ನು ಬಿಟ್ಟು ಬಹಳ ದಿನವಾಗಿತ್ತು. ಅದು ಗಮನಕ್ಕೆ ಬಂದ ದಿನ ಸುಜಾತಾ ರವಿಕೆಯ ಎಡತೋಳನ್ನು ಬಲಕ್ಕೆ ಹೊಲಿದಳು. ಕಲಿಯಲು ಬಂದ ಹುಡುಗಿಯರು ಒಬ್ಬರ ಮುಖ ಒಬ್ಬರು ನೋಡಿಕೊಂಡರು.

ಕೆಲಸ ಮುಗಿಯುವ ಹೊತ್ತಿಗೆ ಅವನೊಂದು ಸುದ್ದಿ ತಂದ.

“ಒಲಿ ಉರೀಬೇಕು, ಇಲ್ಲೇ ಯಾರರ ಇರಬೇಕು ಅಂತ ಟ್ರಸ್ಟಿನವ್ರಿಗೆ ಹೇಳಿದೆ. ಹಿಂದಿನ ಎರಡು ಖೋಲಿ ಇರಾಕ ಬಿಟ್ಟುಕೊಡ್ತಾರಂತ. ಆದ್ರ ಸಂಸಾರಸ್ಥರ ಬೇಕಂತ. ಒಂಟಿ ಹೆಣ್ಮಗಳು ಬ್ಯಾಡಂತ.”

ತನ್ನ ಅಜ್ಜನ ಮನೆಯಲ್ಲಿ ಇರಲು ತಾನೊಬ್ಬಳೇ ಸಾಲದು! ಸುಜಾತಾ ಕೈಯಲ್ಲಿದ್ದ ಕುಳ್ಳನ್ನು ಒಲೆಗೆ ಎಸೆದಳು.

“ನಾವಿಬ್ರೂ ಲಗ್ನ ಆದ್ರ?” ಎಂದ ಲೋಹಿತ ಮೆಲ್ಲಗೆ. “ಮನಿ ನಿಮಗ ಉಳೀತೈತಿ.”

ಮೊದಲ ಮಾತಿಗೆ ಅವಳ ಎದೆ ಝಲ್ಲೆಂದಿತ್ತು. ಎರಡನೆಯದು ಎಲ್ಲವನ್ನೂ ಕೆಡಿಸಿತು.

“ನಿಮ್ಮ ಕನಿಕರ ನನಗ ಬ್ಯಾಡ್ರಿ. ಬೀಗದ ಕೈ ಸಲುವಾಗಿ ತಾಳಿ ಕಟ್ಟಿಸ್ಕೊಳ್ಳೋ ಹೆಂಗಸಲ್ಲ ನಾನು.”

“ಹಂಗಲ್ರಿ...”

“ಮತ್ತ ಹೆಂಗ? ಈ ವಾಡೆ ಇಲ್ದಿದ್ರ ಕೇಳ್ತಿದ್ರೇನು?”

ಅವನಿಗೆ ಮಾತು ತಡವಾಗಿ ಬರುತ್ತದೆಂದು ಅವಳಿಗೆ ಗೊತ್ತಿತ್ತು. ಆದರೂ ಕಾಯದೆ ಬಸ್ಸಿಗೆ ಹೊರಟುಹೋದಳು. ಮರುದಿನ ಬಂದಾಗ ಅವನ ಉಳಿ, ಗರಗಸ ಯಾವುದೂ ಇರಲಿಲ್ಲ.

ಆಮೇಲಿನ ಸಂಜೆಗಳು ಸಾಗಲೇ ಇಲ್ಲ. ನದಿಯ ಕಡೆಯ ಕಿಟಕಿಯಲ್ಲಿ ಕತ್ತಲಾಗುತ್ತಿತ್ತು, ಒಲೆಯ ಆಚೆ ಬದಿ ಬರಿದಾಗಿರುತ್ತಿತ್ತು. ಮೊದಲು ಒಬ್ಬಳೇ ಕೂತಾಗ ಮನೆಯಾದರೂ ಜೊತೆಗಿದೆ ಅನಿಸುತ್ತಿತ್ತು. ಈಗ ಮನೆಯೂ ಅವನ ದಾರಿ ಕಾಯುತ್ತಿರುವಂತೆ ಕಂಡಿತು. ತನಗೆ ಬೇಕಾಗಿರುವುದು ಅವನು ಎಂದು ಒಪ್ಪಿಕೊಂಡ ಸಂಜೆ ಸುಜಾತಾ ಒಬ್ಬಳೇ ಬಿಕ್ಕಿ ಬಿಕ್ಕಿ ಅತ್ತಳು.

ಊರಿನ ಕುರಿ ಕಾಯುವ ಬೀರಪ್ಪನಿಗೂ ಅವನ ಹೆಂಡತಿ ಕರೆವ್ವನಿಗೂ ನೆಟ್ಟಗೊಂದು ಮನೆಯಿರಲಿಲ್ಲ. ಸುಜಾತಾ ಟ್ರಸ್ಟಿನವರಿಗೆ ಹೇಳಿ ಆ ಗಂಡ ಹೆಂಡಿರನ್ನೇ ವಾಡೆಯ ಹಿಂದಿನ ಖೋಲಿಗಳಿಗೆ ಕರೆತಂದಳು. ಕರೆವ್ವ ಬಂದವಳೇ ಒಲೆಯ ಮೇಲೆ ಹಂಚಿಟ್ಟು ರೊಟ್ಟಿ ಬಡಿಯತೊಡಗಿದಳು.

“ಬರೇ ಹೊಗಿ ಹಾಕ್ತಿದ್ದೆಲ್ಲವ್ವಾ ನೀನು! ಯಾಕ, ಅಳಾಕತ್ತೀ?”

“ಹೂಂ ಕರೆವ್ವಾ, ಅಳಾಕತ್ತೇನಿ,” ಎಂದು ಸುಜಾತಾ ಬೀಗದ ಕೈ ಅವಳ ಕೈಗಿಟ್ಟಳು. ಅಜ್ಜನ ಮನೆಯ ಮೆಟ್ಟಿಲಿಳಿಯುವಾಗ ಜೀವವೇ ಕಿತ್ತು ಬಂದಂತಾಯಿತು.

ಹಂಸಭಾವಿಯಲ್ಲಿ ಲೋಹಿತ ಮನೆಯ ಮುಂದೆ ಕೂತು ಹಲಗೆ ಹೆರೆಯುತ್ತಿದ್ದ. ಅವಳನ್ನು ಕಂಡು ಗಾಬರಿಯಾಗಿ ಎದ್ದು ನಿಂತ.

“ಅವತ್ತ ಕೇಳಿದ್ದನ್ನ ಈಗ ಕೇಳ್ರಿ,” ಎಂದಳು ಸುಜಾತಾ.

“ವಾಡೆ...?”

“ಕರೆವ್ವ ಇರ್ತಾಳ ಅಲ್ಲಿ. ಇನ್ನ ನನ್ನ ಕಡೆ ಏನೂ ಇಲ್ಲ. ಈಗ ಕೇಳ್ರಿ.”

ಅವನು ತಡವರಿಸಿದ. “ನನ್ನ ಮನಿ ಸಣ್ಣದೈತ್ರಿ. ಮಾಳಗಿ ಸೋರತೈತಿ.”

“ಮನಿ ಕೇಳಾಕ ಬಂದಿಲ್ಲ ನಾನು.”

“ನೀವು ಬೇಕ್ರಿ ನನಗ. ಅವತ್ತೂ ಇಷ್ಟ ಹೇಳಬೇಕಾಗಿತ್ತು.”

ಸುಜಾತಾ ಅವನು ಹೆರೆಯುತ್ತಿದ್ದ ಹಲಗೆಯ ಮೇಲೇ ಕೂತುಬಿಟ್ಟಳು.

“ಇಷ್ಟ ಹೇಳಾಕ ನನ್ನ ಎರಡು ಬಸ್ಸ ಹತ್ತಿಸಿದ್ರಲ್ರಿ,” ಎಂದಳು.