ಪೂಜೆಗೆ ಕೂತ ನೇಪಾಳ

“ಅಜ್ಜಿ, ನಿನ್ನ ಸರಸ್ವತಿಗೆ ನನ್ನ ಲೈಬ್ರರಿ ಪುಸ್ತಕನೇ ಬೇಕಾಗಿತ್ತೇನು?”

ಸಾನ್ವಿ ಕೂಗಿದ ರಭಸಕ್ಕೆ ಅಡುಗೆಮನೆಯಲ್ಲಿ ಅಮ್ಮನ ಕೈಯ ಸೌಟು ನಿಂತಿತು. ದೇವರ ಮುಂದೆ ಕೂತು ಹೂಬತ್ತಿ ಹೊಸೆಯುತ್ತಿದ್ದ ತಾರಾಬಾಯಿ ಅಜ್ಜಿ ಮಾತ್ರ ತಲೆ ಎತ್ತಲಿಲ್ಲ.

“ಒದರಬ್ಯಾಡ. ಪೂಜಿ ಆಗಿಬಿಟ್ಟದ. ಇನ್ನ ದಶಮಿ ದಿನ ತಗಿಯೋದು.”

ಅವತ್ತು ನವರಾತ್ರಿಯ ಏಳನೆಯ ದಿನ. ಅವರ ಮನೆಯಲ್ಲಿ ಪುಸ್ತಕಗಳಿಗೆ ಪೂಜೆ. ಮಣೆಯ ಮೇಲೆ ರೇಷ್ಮೆ ಬಟ್ಟೆ ಹಾಸಿ, ಮನೆಯವರೆಲ್ಲ ಒಂದೊಂದು ಪುಸ್ತಕ ತಂದು ಒಂದರ ಮೇಲೊಂದು ಇಡುತ್ತಾರೆ. ಕುಂಕುಮ, ಹೂವು ಏರಿಸಿದ ಮೇಲೆ ದಶಮಿಯವರೆಗೆ ಯಾರೂ ಅವನ್ನು ಮುಟ್ಟುವಂತಿಲ್ಲ, ಓದುವಂತಿಲ್ಲ. ಬೇರೆ ವರ್ಷಗಳಲ್ಲಿ ಸಾನ್ವಿಗೆ ಇದಕ್ಕಿಂತ ಇಷ್ಟದ ಹಬ್ಬವೇ ಇರಲಿಲ್ಲ. “ಗಣಿತ ಪುಸ್ತಕ ದೇವರ ಹತ್ರ ಅದ” ಎಂದುಬಿಟ್ಟರೆ ಅಪ್ಪನೂ ಸುಮ್ಮನಾಗುತ್ತಿದ್ದ.

ಈ ವರ್ಷ ಮಾತ್ರ ಆ ರಾಶಿಯ ತಳದಲ್ಲಿ ನೇಪಾಳ ಕೂತಿತ್ತು.

ಅದು ನೇಪಾಳದ ಕಲೆ, ಇತಿಹಾಸ, ಜನಜೀವನ ಎಲ್ಲವೂ ಇದ್ದ ಮಣಭಾರದ ಪುಸ್ತಕ. ಪುಟಪುಟದಲ್ಲೂ ಬಣ್ಣದ ಫೋಟೋ. ಹಳೇ ಹುಬ್ಬಳ್ಳಿಯ ಅವರ ಓಣಿಯ ಲೈಬ್ರರಿಯಲ್ಲಿ ಇದ್ದದ್ದು ಒಂದೇ ಪ್ರತಿ. ಲೈಬ್ರರಿಯ ನೀಲಕಂಠಪ್ಪ ಸರ್ ಮಕ್ಕಳಿಗೆ ಡ್ರಾಯಿಂಗ್ ಕಾಂಪಿಟಿಶನ್ ಇಟ್ಟಿದ್ದರು. ನೆರೆಯ ದೇಶದ ಒಂದು ಕಲಾಕೃತಿಯನ್ನು ನೋಡಿ ಬಿಡಿಸಬೇಕು, ನಾಳೆ ಸಂಜೆ ಐದರೊಳಗೆ ಶೀಟ್ ಕೊಡಬೇಕು.

ಸಾನ್ವಿ ಮತ್ತು ಹಿಂದಿನ ಓಣಿಯ ಹಾಜರಾಬಿ ಇಬ್ಬರೂ ನೇಪಾಳವನ್ನೇ ಆರಿಸಿಕೊಂಡಿದ್ದರು. ಪುಸ್ತಕಕ್ಕೆ ಚೀಟಿ ಎತ್ತಿದಾಗ ಮೊದಲ ಟರ್ನ್ ಬಂದದ್ದು ಹಾಜರಾಬಿಗೆ. ಆದರೂ ಅವಳು, “ಮೊದಲ ನೀ ತಗೊ. ನಿಮ್ಮ ಮನ್ಯಾಗ ಹಬ್ಬ ಐತಿ, ಆಮ್ಯಾಲ ನಿಂಗ ಟೈಮ್ ಸಿಗಂಗಿಲ್ಲ” ಎಂದು ಬಿಟ್ಟುಕೊಟ್ಟಿದ್ದಳು. ಸಾನ್ವಿ ತನ್ನ ಸ್ತೂಪದ ಚಿತ್ರ ಮುಗಿಸಿಯೂ ಆಗಿತ್ತು. ಇವತ್ತು ಮಧ್ಯಾಹ್ನ ಪುಸ್ತಕ ಹಾಜರಾಬಿಗೆ ಸಿಗಬೇಕು.

“ಆಕಿ ಈಗ ಬರ್ತಾಳ! ನಾ ಏನ್ ಹೇಳ್ಲಿ?”

ಅಜ್ಜಿ ಈಗ ತಲೆ ಎತ್ತಿದಳು. “ಅದನ್ನ ಇಟ್ಟಾಕಿ ಯಾರು? ನಾ ಇಟ್ಟೆನೇನು? ಮುಂಜಾನೆ ನೀನೇ ಎತ್ಕೊಂಡು ಬಂದು ಇಟ್ಟಿ.”

“ಮರ್ತು ಇಟ್ಟೆ!”

“ಮರ್ತಾಕಿ ನೀನು. ಮತ್ತ ನನ್ನ ಮ್ಯಾಲ ಯಾಕ ಒದರ್ತಿ?”

ಸಾನ್ವಿ ಕಾಲನ್ನು ನೆಲಕ್ಕೆ ಅಪ್ಪಳಿಸಿದಳು. ಅಜ್ಜಿಯ ಮೇಲೆ ಸಿಟ್ಟು, ಹಬ್ಬದ ಮೇಲೆ ಸಿಟ್ಟು. ಫೋಟೋದಲ್ಲಿ ವೀಣೆ ಹಿಡಿದು ತನಗೇನೂ ಸಂಬಂಧವಿಲ್ಲ ಎಂಬಂತೆ ಕೂತಿದ್ದ ಸರಸ್ವತಿಯ ಮೇಲೂ ಸಿಟ್ಟು.

ಅಷ್ಟರಲ್ಲಿ ಗೇಟು ಕಿರ್ರೆಂದಿತು. ಕಂಪಾಸ್ ಬಾಕ್ಸ್ ಮತ್ತು ದೊಡ್ಡದೊಂದು ಪ್ಲಾಸ್ಟಿಕ್ ಕವರ್ ಹಿಡಿದುಕೊಂಡು ಹಾಜರಾಬಿ ಬಂದೇಬಿಟ್ಟಳು.

“ಸೋಪ್ ಹಚ್ಚಿ ಕೈ ತೊಳ್ಕೊಂಡ ಬಂದೇನಿ ನೋಡು. ಪುಸ್ತಕಕ್ಕ ಕವರೂ ತಂದೇನಿ. ನಮ್ಮ ಅಬ್ಬಾ ಇವತ್ತ ಕೆಲಸದಿಂದ ಲಗೂ ಬರ್ತಾರ. ಅವ್ರೂ ಆ ಕಿಟಕಿ ನೋಡ್ಬೇಕಂತ!”

ಅವಳು ಬಿಡಿಸಬೇಕೆಂದಿದ್ದದ್ದು ಮರದ ಕಿಟಕಿಯೊಂದನ್ನು. ಅದರ ನಡುವೆ ಗರಿ ಬಿಚ್ಚಿ ನಿಂತ ನವಿಲಿನ ಕೆತ್ತನೆ. ಅವಳ ಅಪ್ಪ ಇಕ್ಬಾಲ ಬಾಗಿಲು, ಕಿಟಕಿ ಮಾಡುವ ಬಡಿಗ.

ಸಾನ್ವಿ ದೇವರ ಮನೆಯ ಕಡೆ ಬೆರಳು ತೋರಿಸಿದಳು. “ಪುಸ್ತಕ ಪೂಜಾದಾಗ ಅದ. ದಶಮಿ ತನಕ ತಗಿಯೋ ಹಂಗಿಲ್ಲ.”

ಹಾಜರಾಬಿ ಇಣುಕಿ ನೋಡಿದಳು. ಸೇವಂತಿಗೆ ಹೂಗಳ ಸಂದಿನಲ್ಲಿ ನೀಲಿ ರಟ್ಟಿನ ಅಂಚು ಕಂಡಿತು. ಅವಳ ಮುಖ ಕೆಂಪಾಯಿತು.

“ನೀನೇ ಕೊಡಂಗಿಲ್ಲ ಅಂದಿದ್ರ ಜಗಳಾ ಮಾಡಿ ಇಸ್ಕೊಂಡ ಹೋಗ್ತಿದ್ದೆ. ದೇವರ ಮುಂದ ಐತಿ ಅಂದ್ರ ನಾ ಹೆಂಗ ಕೇಳ್ಲಿ?”

ಅಷ್ಟು ಹೇಳಿ ತಿರುಗಿ ಹೊರಟಳು. ಗೇಟನ್ನು ಎಷ್ಟು ಜೋರಾಗಿ ಎಳೆದಳೆಂದರೆ ಪಕ್ಕದ ಮನೆಯವರೂ ಹೊರಗೆ ಬಂದು ನೋಡಿದರು.

“ನೋಡಿದ್ಯಾ ಅಜ್ಜಿ? ಎಲ್ಲಾ ನಿನ್ನಿಂದ...”

ಅಷ್ಟರಲ್ಲಿ ಸಾನ್ವಿಯ ಕಣ್ಣು ಮತ್ತೆ ಆ ನೀಲಿ ಅಂಚಿನ ಮೇಲೆ ಬಿತ್ತು.

ಮುಂಜಾನೆ ಅವಳ ಕೈಯಲ್ಲಿ ಮೊದಲಿಗೆ ಇದ್ದದ್ದು ಗಣಿತದ ಪುಸ್ತಕವೇ. ಅದನ್ನು ಇಡಲು ಬಗ್ಗಿದಾಗ ಸೋಮವಾರದ್ದು ನೆನಪಾಗಿತ್ತು. ಲೈಬ್ರರಿಯಲ್ಲಿ ಹಾಜರಾಬಿ ಸುಮ್ಮನೆ ಗೀಚಿದ ನವಿಲನ್ನು ನೋಡಿ ಸರ್, “ಏನ್ ಕೈ ಐತವಾ ನಿಂದು!” ಎಂದು ಎಲ್ಲರನ್ನೂ ಕರೆದು ತೋರಿಸಿದ್ದರು. ಸಾನ್ವಿಯ ಸ್ತೂಪ ನೋಡಿ “ಛಲೋ ಐತಿ” ಎಂದಿದ್ದರು, ಅಷ್ಟೇ. ಸಾನ್ವಿ ಗಣಿತವನ್ನು ವಾಪಸ್ ಬ್ಯಾಗಿಗೆ ಹಾಕಿ ನೇಪಾಳವನ್ನು ಎತ್ತಿಕೊಂಡು ಬಂದಿದ್ದಳು.

ಅವಳು ಮರೆತಿರಲಿಲ್ಲ. ಮರೆತೆ ಎಂದು ಮುಂಜಾನೆಯಿಂದ ತನಗೆ ತಾನೇ ಹೇಳಿಕೊಳ್ಳುತ್ತಿದ್ದಳು.

“ಅಜ್ಜಿ,” ಎಂದಳು ಸಣ್ಣ ದನಿಯಲ್ಲಿ. “ನಾ ಮರ್ತಿರಲಿಲ್ಲ. ಆಕಿ ನನಗಿಂತ ಛಂದ ತಗೀತಾಳ. ಅದಕ್ಕ ಇಟ್ಟೆ.”

ಹೂಬತ್ತಿ ಹೊಸೆಯುತ್ತಿದ್ದ ಕೈ ನಿಂತಿತು. ಅಜ್ಜಿ ಕೂಗಾಡಿದ್ದರೆ ಎಷ್ಟೋ ವಾಸಿಯಿತ್ತು. ಅವಳು ಮೆಲ್ಲಗೆ ಕೇಳಿದಳು.

“ನಿನ್ನ ಹೊಟ್ಟಿಕಿಚ್ಚಿಗೆ ದೇವರನ್ನ ಕಾವಲಿಗೆ ಕೂಡಿಸಿದೇನು?”

ಸಾನ್ವಿಯ ಕಣ್ಣಿಂದ ನೀರು ಇಳಿಯಿತು. ಅಜ್ಜಿ ಸಮಾಧಾನ ಮಾಡಲಿಲ್ಲ. ಮೊಣಕಾಲು ಹಿಡಿದು ಎದ್ದಳು. ನಾಲ್ಕು ಕಾಳು ಅಕ್ಷತೆ ಹಾಕಿ ಕೈ ಮುಗಿದಳು. ದಶಮಿ ದಿನ ಪೂಜೆ ಬಿಡಿಸುವ ಹಾಗೆಯೇ ರಾಶಿಯನ್ನು ಒಂದು ಬೆರಳಷ್ಟು ಸರಿಸಿ, ಮೇಲಿನ ಪುಸ್ತಕಗಳನ್ನು ಒಂದೊಂದಾಗಿ ಎತ್ತಿಟ್ಟು ನೇಪಾಳವನ್ನು ಹೊರಗೆ ತೆಗೆದಳು. ನೀಲಿ ರಟ್ಟಿನ ಮೇಲೆ ಕುಂಕುಮ ಮೆತ್ತಿತ್ತು. ಸೆರಗಿನಿಂದ ಒರೆಸಿದರೆ ಕಲೆ ಇನ್ನಷ್ಟು ಹರಡಿತು.

“ಇದನ್ನ ಸರ್ ಮುಂದ ನೀನೇ ಹೇಳಬೇಕು. ನಾ ಬರಂಗಿಲ್ಲ.”

“ದಶಮಿ ತನಕ ಮುಟ್ಟಬಾರ್ದು ಅಂದಿ?”

“ನೀ ತಗದು ಓದಬ್ಯಾಡ. ಕೊಟ್ಟು ಬಾ, ನಡಿ.”

ಹಿಂದಿನ ಓಣಿಯಲ್ಲಿ ಬಾಗಿಲು ತೆರೆದ ಹಾಜರಾಬಿಯ ಕಣ್ಣು ಊದಿಕೊಂಡಿತ್ತು. ಪುಸ್ತಕ ನೋಡಿ ಅವಳು ಹಿಂದೆ ಸರಿದಳು.

“ಅಜ್ಜಿ ಬೈತಾರ. ಒಯ್ಯಿ ವಾಪಸ್.”

“ಅಜ್ಜಿನೇ ಕೊಟ್ಟು ಕಳಿಸ್ಯಾಳ. ಪೂಜಾಕ್ಕ ಇಟ್ಟಾಕಿ ನಾನು. ಬೇಕಂತನೇ ಇಟ್ಟಿದ್ದೆ. ನೀ ನನಗಿಂತ ಛಂದ ತಗೀತಿ ಅಂತ.”

ಹಾಜರಾಬಿ ಅವಳನ್ನೇ ನೋಡಿದಳು.

“ನಾ ನನ್ನ ಟರ್ನ್ ನಿಂಗ ಕೊಟ್ಟಿದ್ದೆ.”

“ಹೂಂ.”

“ನಿಮ್ಮ ಮನ್ಯಾಗ ಹಬ್ಬ ಐತಿ ಅಂತ ಕೊಟ್ಟಿದ್ದೆ!”

“ಹೂಂ.”

ಹಾಜರಾಬಿ ಪುಸ್ತಕ ಕಸಿದುಕೊಂಡಳು. ಬಾಗಿಲು ಸಾನ್ವಿಯ ಮೂಗಿನ ಮುಂದೆಯೇ ಧಡಾರೆಂದು ಮುಚ್ಚಿತು.

ಸಾನ್ವಿ ಮನೆಗೆ ಹೋಗಲಿಲ್ಲ. ಕಟ್ಟೆಯ ಮೇಲೆ ಕೂತಳು. ಸ್ವಲ್ಪ ಹೊತ್ತಿಗೆ ಇಕ್ಬಾಲ ಕಾಕಾ ಬಂದರು, ಅಂಗಿಯ ತುಂಬ ಮರದ ಪುಡಿ.

“ಯಾಕವಾ ಹೊರಗ ಕುಂತಿ? ಒಳಗ ಬಾ.”

ಅವಳು ತಲೆಯಾಡಿಸಿ ಅಲ್ಲೇ ಕೂತಳು. ಒಳಗೆ ಪುಟಗಳು ಮಗುಚಿದ ಸದ್ದು. ಆಮೇಲೆ ಕಾಕಾನ ದನಿ, “ಯಾ ಅಲ್ಲಾ, ಇದೇನ್ ಕೆಲಸ!” ಅದಾದ ಮೇಲೆ ಕಾಗದದ ಮೇಲೆ ಪೆನ್ಸಿಲ್ ಓಡುವ ಸದ್ದು.

ಬಿಸಿಲು ಕಟ್ಟೆಯಿಂದ ಇಳಿದು ಹೋದ ಮೇಲೆ ಬಾಗಿಲು ತೆರೆಯಿತು. ಹಾಜರಾಬಿ ನಗಲಿಲ್ಲ.

“ನನ್ನ ರಬ್ಬರ್ ಮುಗದೈತಿ. ನಿನ್ನ ಹಂತ್ಯಾಕ ಐತೇನು?”

ಅವಳ ಹಿಂದೆ ನೆಲದ ಮೇಲೆ ಶೀಟು ಹರಡಿತ್ತು. ಅರ್ಧವೇ ಆಗಿದ್ದ ನವಿಲು ಈಗಲೇ ಹಾರಿಹೋಗುವಂತಿತ್ತು. ಸಾನ್ವಿಯ ಹೊಟ್ಟೆಯಲ್ಲಿ ಮತ್ತೆ ಚುರ್ರೆಂದಿತು. ಅದಕ್ಕೆ ಏನೆನ್ನುತ್ತಾರೆಂದು ಅವಳಿಗೆ ಈಗ ಗೊತ್ತಿತ್ತು.

“ತಡಿ, ತರ್ತೀನಿ,” ಎಂದವಳೇ ಮನೆಯ ಕಡೆ ಓಡಿದಳು.