ಪ್ರಾಂಪ್ಟರ್ ಆಡಿದ ಸ್ವಂತ ಮಾತು

ರಾಮನಗರದ ಸುತ್ತ ಸಿನಿಮಾಕ್ಕೆ ಹಳ್ಳಿ ಹುಡುಕುವುದೇ ಆ ವರ್ಷಗಳಲ್ಲಿ ಕಷ್ಟವಾಗಿತ್ತು. ಮಾಗಡಿ ರಸ್ತೆಯ ಬೆಟ್ಟದ ಬುಡದಲ್ಲಿ ಹೆಂಚಿನ ಮನೆಯ ಸೆಟ್ ಹಾಕಿದ್ದೇನೋ ಸರಿ, ಕ್ಯಾಮೆರಾ ಯಾವ ಕಡೆ ತಿರುಗಿಸಿದರೂ ಹೊಸ ಫ್ಯಾಕ್ಟರಿ ಶೆಡ್ಡೊಂದು ಇಣುಕುತ್ತಿತ್ತು. ಡೈರೆಕ್ಟರ್ ಅನಂತರಾಜು ಅದಕ್ಕೆ ಅಡ್ಡ ಹುಲ್ಲಿನ ಮೆದೆ ಒಟ್ಟಿಸಿದ್ದ.

ಹೀರೋಯಿನ್ ಮುಂಬೈಯವಳು. ಕನ್ನಡದ ಗಂಧಗಾಳಿ ಇಲ್ಲ. ಅದಕ್ಕೇ ಕ್ಯಾಮೆರಾ ಪಕ್ಕ ನಿಂತು ಕೆಂಪರಾಜು ಪ್ರಾಂಪ್ಟ್ ಮಾಡುತ್ತಿದ್ದ. ಅವನು ಒಂದೊಂದೇ ಮಾತು ಹೇಳುವುದು, ಅವಳು ಗಿಣಿಯ ಹಾಗೆ ಒಪ್ಪಿಸುವುದು. ದನಿಯನ್ನು ಆಮೇಲೆ ಬೇರೆ ಯಾರೋ ಡಬ್ ಮಾಡುತ್ತಿದ್ದರು.

ಆ ಮಾತುಗಳನ್ನೆಲ್ಲ ಬರೆದವಳು ಪ್ರತಿಮಾ. ಕುದೂರಿನವಳು, ವಯಸ್ಸು ನಲವತ್ತರ ಹತ್ತಿರ. ಎಷ್ಟೋ ಪಿಕ್ಚರ್‌ಗಳಿಗೆ ಬರೆದಿದ್ದಳು. ಪರದೆಯ ಮೇಲೆ ‘ಸಂಭಾಷಣೆ’ ಎಂದ ಕಡೆ ಮಾತ್ರ ಅನಂತರಾಜುವಿನ ಹೆಸರೇ ಬರುತ್ತಿತ್ತು. ಈ ಸಲ ನಿನ್ನ ಹೆಸರು ಗ್ಯಾರಂಟಿ ಎಂದಿದ್ದವನು, ಇವತ್ತು ಬೆಳಿಗ್ಗೆ ತಿಂಡಿ ತಟ್ಟೆ ಹಿಡಿದುಕೊಂಡೇ ರಾಗ ಬದಲಿಸಿದ.

“ಪ್ರೊಡ್ಯೂಸರ್ ಒಪ್ತಿಲ್ಲಮ್ಮ. ಲೇಡೀಸ್ ಹೆಸ್ರು ಹಾಕಿದ್ರೆ ಹುಡುಗ್ರು ಥಿಯೇಟರ್‌ಗೆ ಬರಲ್ವಂತೆ.”

ಜಗಳ ಆಡಲೂ ಪ್ರತಿಮಾಗೆ ಬೇಜಾರು. ನಿದ್ದೆ ಮಾಡಿದರೆ ಹೋಗುವ ಆಯಾಸ ಅಲ್ಲ ಅದು.

“ಆಯ್ತು ಸಾರ್. ಇದೇ ನನ್ನ ಕಡೇ ಪಿಕ್ಚರ್,” ಎಂದಳು. ಅವನು ಇನ್ನೊಂದು ವಡೆ ಹಾಕಿಸಿಕೊಂಡ.

ಮಧ್ಯಾಹ್ನ ಪಕ್ಕದ ಕ್ವಾರಿಯಲ್ಲಿ ಬಂಡೆ ಸಿಡಿಸಿದರು. ಧೂಳು ಅಡಗುವವರೆಗೆ ಶೂಟಿಂಗ್ ನಿಂತಿತು. ಪ್ರತಿಮಾ ಬ್ಯಾಗು ಹೆಗಲಿಗೆ ಹಾಕಿಕೊಂಡು ರಸ್ತೆಯ ಕಡೆ ನಡೆದಳು. ಹಿಂದೆ ಚಪ್ಪಲಿ ಸದ್ದಾಯಿತು.

ಕೆಂಪರಾಜು. ಕಿವಿಯ ಹತ್ತಿರ ಕೂದಲು ನರೆತಿದ್ದರೂ ಕಣ್ಣು ಮಾತ್ರ ಕಾಲೇಜು ಹುಡುಗನದು. ಅವಳ ಜಡೆಯ ಮೇಲೆ, ಕೈಬಳೆಯ ಮೇಲೆ ಸುತ್ತಾಡುವುದು, ಅವಳು ತಿರುಗಿದರೆ ಲೈಟ್‌ಬಾಯ್‌ಗಳನ್ನು ಎಣಿಸುವಂತೆ ನಟಿಸುವುದು. ಅವಳಿಗೆ ಆ ಕಳ್ಳಾಟ ಇಷ್ಟ. ಬಾಯಿಬಿಟ್ಟು ಹೇಳಿರಲಿಲ್ಲ, ಅಷ್ಟೇ.

“ಹೊಂಟೇಬುಟ್ರಾ ಮೇಡಂ?”

“ಹ್ಞೂಂ. ಸೀನೆಲ್ಲ ಬರ್ದು ಕೊಟ್ಟಿದೀನಲ್ಲ.”

“ಮತ್ತೆ ಬರಾಕಿಲ್ವಾ?”

“ಯಾಕ್ ಬರ್ಬೇಕು, ನೀವೇ ಹೇಳಿ.”

ಹೇಳಲಿ ಎಂದೇ ಕೇಳಿದ್ದಳು. ಇವತ್ತು ಅವನು ಬಾಯಿ ಬಿಡದಿದ್ದರೆ ಅವಳು ಕುದೂರಿಗೆ ಹೋದವಳು ಮತ್ತೆ ಇತ್ತ ತಲೆ ಹಾಕುವವಳಲ್ಲ. ಅದು ಅವನಿಗೂ ಗೊತ್ತಿತ್ತು. ಗಂಟಲು ಸರಿಮಾಡಿಕೊಂಡ.

“ನನ್ನ ಪಾಲಿನ ಸಂಜೆಗಳನ್ನೆಲ್ಲ ನಿಮಗೇ ಕೊಟ್ಟುಬಿಟ್ಟಿದ್ದೇನೆ. ಬೆಳಗನ್ನು ನೀವೇ ತರಬೇಕು.”

ಪ್ರತಿಮಾಳ ಮುಖ ಗಂಟಾಯಿತು.

“ಏನ್ರೀ ಇದು? ಹೋದ್ ಪಿಕ್ಚರ್‌ಗೆ ನಾನೇ ಬರೆದ ಡೈಲಾಗು! ತಮಾಷೆ ಮಾಡೋಕೆ ನಾನೇ ಸಿಕ್ಕಿದ್ನಾ?”

“ಅಯ್ಯೋ, ತಮಾಸೆ ಅಲ್ಲ ಮೇಡಂ...”

“ಎಲ್ರೂ ನನ್ನ ಮಾತು ಎತ್ಕೊಂಡು ತಮ್ದು ಅಂತಾರೆ. ನೀವೂನಾ?”

ಸರಸರ ನಡೆದುಬಿಟ್ಟಳು.

ಪಾಪ, ಕೆಂಪರಾಜುವಿನ ತಪ್ಪಾದರೂ ಏನು? ವರ್ಷಗಟ್ಟಲೆ ಅವಳ ಮಾತನ್ನೇ ಆಡಿ ಆಡಿ, ಪ್ರೀತಿ ಎಂದರೆ ಅವನ ಬಾಯಿಗೆ ಬೇರೆ ಮಾತೇ ಹತ್ತುತ್ತಿರಲಿಲ್ಲ. ಕನ್ನಡಿಯ ಮುಂದೆ ಅಭ್ಯಾಸ ಮಾಡಿಕೊಂಡು ಬಂದಿದ್ದೂ ಅದನ್ನೇ.

ಮಾಗಡಿ ಬಸ್ಸು ಬಂತು. ಪ್ರತಿಮಾ ಮೆಟ್ಟಿಲ ಮೇಲೆ ಕಾಲಿಟ್ಟಳು. ಕೆಂಪರಾಜು ಎದ್ದುಬಿದ್ದು ಓಡಿಬಂದು ಬಾಗಿಲಿನ ಕಂಬಿ ಹಿಡಿದುಕೊಂಡ.

“ತಡೀರಿ, ನಂದೇ ಹೇಳ್ತೀನಿ. ಚೆಂದಾಗಿ ಹೇಳಕ್ಕೆ ನಂಗೆ ಬರಾಕಿಲ್ಲ.” ಏದುಸಿರು ಬಿಡುತ್ತಿದ್ದ. “ನಿಮ್ಗೂ ಸಾಕಾಗೈತೆ, ನಂಗೂ ಸಾಕಾಗೈತೆ. ಬೇರೆ ಬೇರೆ ಕುಂತ್ಕಂಡು ಸುಸ್ತಾಗೋ ಬದ್ಲು, ಒಂದೇ ಮನೇಲಿ ಸುಸ್ತಾಗಾಣ. ಕಾಪಿ ನಾನ್ ಕಾಯಿಸ್ತೀನಿ. ಇನ್ನೊಂದ್ ಮಾತು, ನಿಮ್ಮ ಹೆಸ್ರು ಹಾಕ್ದಿರೋರ ಹತ್ರ ಪ್ರಾಂಪ್ಟ್ ಮಾಡಾಕೆ ನಾನಿನ್ನು ಬಾಯಿ ಬಿಡಾಕಿಲ್ಲ.”

“ಏನ್ ಸ್ವಾಮಿ, ಹತ್ತೀರೋ ಇಲ್ವೋ?” ಕಂಡಕ್ಟರ್ ರೇಗಿದ.

ಇಷ್ಟು ಒರಟು ಡೈಲಾಗನ್ನು ಪ್ರತಿಮಾ ಯಾವ ಹೀರೋಗೂ ಬರೆದಿರಲಿಲ್ಲ. ಅಳು ಬಂತು, ತಡೆಯಲಿಲ್ಲ. ನಗುವೂ ಬಂತು. ಸ್ವಲ್ಪ ಸರಿದು ಅವನಿಗೆ ಜಾಗ ಬಿಟ್ಟಳು.

“ಹತ್ತಿ,” ಎಂದಳು. “ನಮ್ಮವ್ವನ ಹತ್ರ ನೀವೇ ಮಾತಾಡ್ಬೇಕು. ನಾನು ಬರ್ದು ಕೊಡಲ್ಲ.”