ಬೆರಳು ಬಿದ್ದ ಪುಟ

"ಅಯ್ಯೋ, ಇಲ್ಲಿ ಯಾರದೋ ಬೆರಳಿದೆ ಕಣೇ!"

ಕನ್ನಡಕದ ಹುಡುಗ ಕಂಪ್ಯೂಟರಿಗೆ ಮೂಗು ತಾಗುವಷ್ಟು ಬಗ್ಗಿದ. ಪಕ್ಕದಲ್ಲಿ ಕೂತಿದ್ದ ಚೂಟಿಯೂ ಬಗ್ಗಿದಳು.

ಚೂಟಿ ಎಂದು ಹೆಸರಿಟ್ಟವಳು ಅಮ್ಮ. ಆದರೆ ಈ ಹೊಸ ಶಾಲೆಗೆ ಬಂದ ಮೇಲೆ ಅವಳ ಚೂಟಿತನ ಎಲ್ಲಿ ಹೋಯಿತೋ ಗೊತ್ತಿಲ್ಲ. ಮಾತಾಡಲು ಜೊತೆಗೆ ಯಾರೂ ಇಲ್ಲದಿದ್ದರೆ ಎಂಥ ಚೂಟಿಯೂ ಸಪ್ಪಗಾಗುತ್ತಾಳೆ ಅನ್ನಿ. ಊಟದ ಬಿಡುವಿನಲ್ಲಿ ಅವಳು ಡಬ್ಬಿ ಹಿಡಿದು ಮೆಟ್ಟಿಲ ಮೇಲೆ ಒಬ್ಬಳೇ ಕೂರುತ್ತಿದ್ದಳು. ಪ್ರಾಜೆಕ್ಟಿಗೆಂದು ಮಿಸ್ ಜೋಡಿ ಮಾಡಿದಾಗಲೇ ಕನ್ನಡಕದ ಹುಡುಗ ಅವಳ ಜೊತೆ ಮೊದಲ ಸಲ ಮಾತಾಡಿದ್ದು.

ಹಳೆಯ ಪತ್ರಿಕೆಯೊಂದನ್ನು ಹುಡುಕಿ, ಅದರಲ್ಲಿ ಹೇಳಿದ ಹಾಗೇ ಒಂದು ವಸ್ತು ಮಾಡಿ ತರಬೇಕು. ಅದೇ ಪ್ರಾಜೆಕ್ಟ್. ಬೇರೆ ಕಡೆ ನೋಡಿ ಮಾಡಿದರೆ ಮಾರ್ಕ್ಸ್ ಇಲ್ಲ.

"ನಂಗೊಂದು ಸೈಟ್ ಗೊತ್ತು," ಎಂದಿದ್ದಳು ಚೂಟಿ.

ದೂರದ ನಗರದ ದೊಡ್ಡ ಗ್ರಂಥಾಲಯದ ಸೈಟ್ ಅದು. ಹಳದಿಯಾದ ದಿನಪತ್ರಿಕೆ, ಮಾಸಪತ್ರಿಕೆ, ಗಡಿಯಾರ ರಿಪೇರಿಯ ಪುಸ್ತಕ, ನಕ್ಷತ್ರದ ಪುಸ್ತಕ, ಹಲ್ಲುನೋವಿನ ಬಗ್ಗೆಯೂ ಒಂದು ಪುಸ್ತಕ! ಎಲ್ಲದರ ಪುಟಪುಟವನ್ನೂ ಫೋಟೋ ತೆಗೆದು ಅಲ್ಲಿ ಹಾಕಿದ್ದರು. ಹುಡುಗ ಬಾಯಿ ಬಿಟ್ಟುಕೊಂಡು ನೋಡಿದ್ದ. "ನಿಂಗೆ ಹೇಗೆ ಗೊತ್ತು?" ಎಂದು ಮಾತ್ರ ಕೇಳಲಿಲ್ಲ. ಕೇಳಿದ್ದರೆ ಚೂಟಿ ಹೇಳುತ್ತಿದ್ದಳು.

ಅಲ್ಲೊಂದು ಮಕ್ಕಳ ಮಾಸಪತ್ರಿಕೆಯಲ್ಲಿ ರಟ್ಟಿನ ಪೆಟ್ಟಿಗೆಯಿಂದ ಕ್ಯಾಮೆರಾ ಮಾಡುವ ಬಗೆ ಇತ್ತು. ಒಂದು, ಎರಡು, ಮೂರು ಎಂದು ಬರೆದುಕೊಂಡು ಬಂದರು. ನಾಲ್ಕನೆಯದರ ಮೇಲೆ ಕೂತಿತ್ತು ಬೆರಳು.

"ತೂತು ಎಷ್ಟು ದೊಡ್ಡದಿರಬೇಕು ಅಂತ ಇಲ್ಲೇ ಇರೋದು. ಪೂರ್ತಿ ಮುಚ್ಚಿಬಿಟ್ಟಿದೆ," ಹುಡುಗ ತಲೆ ಕೆರೆದುಕೊಂಡ. "ಎಂಥ ಜನಾನಪ್ಪಾ! ಬೆರಳಿಟ್ಟುಕೊಂಡು ಫೋಟೋ ತೆಗೀತಾರಾ? ಕಣ್ಣು ಎಲ್ಲಿತ್ತೋ!"

ಚೂಟಿ ಇನ್ನೂ ಹತ್ತಿರಕ್ಕೆ ಬಗ್ಗಿದಳು. ಅದು ಹೆಬ್ಬೆರಳು. ಉಗುರಿನ ನಡುವೆ ಉದ್ದಕ್ಕೆ ಒಂದು ಸೀಳು. ಚಿಕ್ಕವಳಿದ್ದಾಗ ಚೂಟಿ ಆಟಕ್ಕೆಂದು ದಬ್ಬಿದ ಬಾಗಿಲಿಗೆ ಸಿಕ್ಕಿ ಸೀಳಿದ್ದ ಉಗುರು. ಆಮೇಲೆ ಅದು ಕೂಡಿ ಬೆಳೆಯಲೇ ಇಲ್ಲ.

ಅಮ್ಮನ ಬೆರಳು.

"ಇಲ್ನೋಡು, 'ಈ ಪುಟದಲ್ಲಿ ತಪ್ಪಿದೆ' ಅಂತ ಬಟನ್ ಇದೆ. ಒತ್ತಿದ್ರೆ ಸರಿ ಮಾಡ್ತಾರೆ," ಎಂದು ಹುಡುಗ ಮೌಸ್ ಹಿಡಿದ.

"ಬೇಡ! ಮುಟ್ಟಬೇಡ!"

ಚೂಟಿ ಪುಟವನ್ನೇ ಮುಚ್ಚಿಬಿಟ್ಟಳು. ಅಷ್ಟು ಜೋರಾಗಿ ಕೂಗಿದ್ದು ಅವಳಿಗೇ ಆಶ್ಚರ್ಯ.

"ಏನಾಯ್ತೇ ನಿಂಗೆ? ಶುಕ್ರವಾರ ಮಿಸ್‌ಗೆ ಏನು ತೋರಿಸೋದು? ನಿನ್ನ ಜೊತೆ ಪ್ರಾಜೆಕ್ಟ್ ಮಾಡೋಕೆ ನನ್ನಿಂದಾಗಲ್ಲಪ್ಪ." ಹುಡುಗ ಮುಖ ಊದಿಸಿಕೊಂಡು ಎದ್ದು ಹೋದ.

ಸಂಜೆ ದೊಡ್ಡಮ್ಮ ಹೊಲಿಗೆ ಮೆಷಿನ್ ಮುಂದೆ ಕೂತಿದ್ದರು. ಅಮ್ಮನಿಗೆ ನಗರದ ಆ ಗ್ರಂಥಾಲಯದಲ್ಲಿ ಪುಟಗಳ ಫೋಟೋ ತೆಗೆಯುವ ಕೆಲಸ ಸಿಕ್ಕಾಗಿನಿಂದ ಚೂಟಿ ಈ ದೊಡ್ಡಮ್ಮನ ಮನೆಯಲ್ಲೇ ಇದ್ದಳು. ಅಪ್ಪ ಲಾರಿ ಡ್ರೈವರ್. ಇವತ್ತು ಇಲ್ಲಿ, ನಾಳೆ ಎಲ್ಲೋ. ದೊಡ್ಡಮ್ಮ ಒಳ್ಳೆಯವರೇ, ಆದರೆ ಮೆಷಿನ್ ಶುರುವಾದರೆ ಅವರಿಗೆ ಲೋಕದ ಗೊಡವೆಯೇ ಇಲ್ಲ.

ಚೂಟಿ ದೊಡ್ಡಮ್ಮನ ಫೋನ್ ತೆಗೆದುಕೊಂಡು ಮೂಲೆಗೆ ಹೋದಳು. ಅದೇ ಪುಟ ತೆರೆದಳು. ಬೆರಳನ್ನು ದೊಡ್ಡದು ಮಾಡಿದಳು. ಅದರ ಮೇಲೆ ತನ್ನ ಹೆಬ್ಬೆರಳನ್ನು ಮೆಲ್ಲಗೆ ಇಟ್ಟಳು. ಪುಟ ಸರ್ರನೆ ಪಕ್ಕಕ್ಕೆ ಜಾರಿತು. ಮತ್ತೆ ಇಟ್ಟಳು, ಮತ್ತೆ ಜಾರಿತು.

ಅವಳಿಗೆ ಅಳು ಬಂತು.

ಬೇರೆ ಎಲ್ಲಾದರೂ ಅಮ್ಮನ ಬೆರಳು ಸಿಗಬಹುದೇ ಎಂದು ಹುಡುಕಿದಳು. ಆ ತಿಂಗಳ ಸಂಚಿಕೆ, ಮುಂದಿನ ತಿಂಗಳದ್ದು, ಅದರ ಮುಂದಿನದು. ಬರೀ ಅಕ್ಷರ, ಬರೀ ಚಿತ್ರ. ಎಲ್ಲೂ ಬೆರಳಿಲ್ಲ. ಅಷ್ಟರಲ್ಲಿ ಫೋನ್ ಹೊಡೆದುಕೊಂಡಿತು.

"ಚೂಟಿ, ಊಟ ಆಯ್ತಾ ಪುಟ್ಟಾ?" ಅಮ್ಮನ ಹಿಂದೆ ಬಸ್ಸಿನ ಸದ್ದು.

"ಅಮ್ಮಾ, ನಿನ್ನ ಬೆರಳು ಸಿಕ್ತು."

"ಏನು ಸಿಕ್ತು?"

ಚೂಟಿ ಎಲ್ಲ ಹೇಳಿದಳು. ಅಮ್ಮ ಮೊದಲು ನಕ್ಕಳು, ಆಮೇಲೆ "ಛೆ!" ಎಂದಳು. "ಹಳೇ ಕಾಗದ ಅಲ್ವಾ, ಸುರುಳಿ ಸುತ್ಕೊಳ್ಳತ್ತೆ. ಮೇಲೆ ಗಾಜು ಇಟ್ರೆ ಕಾಗದ ಪುಡಿಯಾಗತ್ತೆ. ಅದಕ್ಕೆ ಒಂದೊಂದು ಪುಟಾನೂ ಹೆಬ್ಬೆರಳಲ್ಲಿ ಸವರಿ, ಒತ್ತಿ ಹಿಡೀಬೇಕು. ಕ್ಯಾಮೆರಾ ಕ್ಲಿಕ್ ಅನ್ನೋ ಮುಂಚೆ ಟಕ್ ಅಂತ ಬೆರಳು ತೆಗೀಬೇಕು. ಅವತ್ತು ತೆಗೆದೇ ಇಲ್ಲ ನೋಡು."

"ಯಾಕೆ ತೆಗೀಲಿಲ್ಲ?"

"ಏನೋ ಯೋಚನೆ ಕಣೇ. ಶಾಲೆ ಬಿಡೋ ಹೊತ್ತು, ಮಳೆ ಬೇರೆ ಬರ್ತಿತ್ತು. ನೀನು ಛತ್ರಿ ತಗೊಂಡು ಹೋಗಿದ್ಯೋ ಇಲ್ವೋ ಅಂತ."

ಅಮ್ಮನಿಗೆ ಅಲ್ಲಿ ಬೇಜಾರಾಗುತ್ತದೆ ಎಂದು ಅವಳು ಯಾವತ್ತೂ ಅಂದುಕೊಂಡಿರಲಿಲ್ಲ. ಅಷ್ಟು ದೊಡ್ಡ ನಗರ, ಅಷ್ಟೊಂದು ಪುಸ್ತಕ!

"ಆ ಬಟನ್ ಒತ್ತಿಬಿಡು," ಎಂದಳು ಅಮ್ಮ. "ನಮ್ಮ ಮೇಡಂ ಬೈಯಲ್ಲ, ಮತ್ತೊಂದ್ಸಲ ತೆಗಿ ಅಂತಾರೆ ಅಷ್ಟೆ. ಪಾಪ, ಕ್ಯಾಮೆರಾ ಮಾಡೋರಿಗೆ ತೂತು ಗೊತ್ತಾಗಬೇಡ್ವಾ?"

"ಒತ್ತಿದ್ರೆ ಬೆರಳು ಹೋಗತ್ತಲ್ಲಮ್ಮಾ."

"ಪುಟದಿಂದ ತಾನೇ ಹೋಗೋದು? ನನ್ನ ಕೈಯಲ್ಲೇ ಇದ್ಯಲ್ಲ!"

ಫೋನ್ ಇಟ್ಟ ಮೇಲೆ ಚೂಟಿ ಬೆರಳನ್ನು ತುಂಬ ಹೊತ್ತು ನೋಡಿದಳು. ಆಮೇಲೆ ಬಟನ್ ಒತ್ತಿದಳು.

ಮರುದಿನ ಕಂಪ್ಯೂಟರ್ ರೂಮಿನ ಬಾಗಿಲಲ್ಲಿ ಕನ್ನಡಕದ ಹುಡುಗನನ್ನು ತಡೆದು ನಿಲ್ಲಿಸಿದಳು. "ಅದು ನಮ್ಮಮ್ಮನ ಬೆರಳು," ಎಂದಳು.

ಹುಡುಗ ಕನ್ನಡಕ ತೆಗೆದ, ಒರೆಸಿದ, ಮತ್ತೆ ಹಾಕಿಕೊಂಡ. "ಮೊದಲೇ ಹೇಳಬಾರದಾ? ನಾನು ಬೈತಾನೇ ಇರಲಿಲ್ಲ." ಸ್ವಲ್ಪ ತಡೆದು ಕೇಳಿದ, "ನಿಮ್ಮಮ್ಮ ನಿನ್ನ ಜೊತೆ ಇಲ್ವಾ?"

"ಇಲ್ಲ," ಎಂದಳು ಚೂಟಿ. ಅಂದು ಮೆಟ್ಟಿಲ ಮೇಲೆ ಎರಡು ಊಟದ ಡಬ್ಬಿಗಳಿದ್ದವು.

ಗುರುವಾರ ಪುಟ ಬದಲಾಗಿತ್ತು. "ಬಂತು ಬಂತು! ಗುಂಡುಸೂಜಿ ಮೊನೆಯಷ್ಟು ತೂತು!" ಹುಡುಗ ಕುಣಿದಾಡಿ, ಗುಂಡುಸೂಜಿ ಕೇಳಲು ಆಫೀಸ್ ರೂಮಿಗೆ ಓಡಿದ.

ಚೂಟಿ ಒಬ್ಬಳೇ ಉಳಿದಳು. ಬೆರಳಿದ್ದ ಜಾಗದಲ್ಲಿ ಈಗ ಅಚ್ಚುಕಟ್ಟಾದ ನಾಲ್ಕು ಸಾಲು. ಅವಳು ಆ ಸಾಲುಗಳ ಮೇಲೆ ಬೆರಳಾಡಿಸಿದಳು. ಆಮೇಲೆ ಪುಟದ ಅಂಚು ಕಂಡಿತು. ಅಲ್ಲಲ್ಲಿ ಹರಿದ, ಹಳದಿಯಾದ ಕಾಗದ. ಆದರೂ ಎಲ್ಲೂ ಸುರುಳಿ ಸುತ್ತಿಕೊಂಡಿರಲಿಲ್ಲ. ಹೆಬ್ಬೆರಳಲ್ಲಿ ಸವರಿದ ಹಾಗೆ ನೆಟ್ಟಗೆ ಮಲಗಿತ್ತು.

ಅವಳು ಮುಂದಿನ ಪುಟ ತೆರೆದಳು. ಅದೂ ನೆಟ್ಟಗಿತ್ತು. ಅದರ ಮುಂದಿನದು, ಅದರ ಮುಂದಿನದು. ಬೆರಳಿಲ್ಲವೆಂದು ಮೊನ್ನೆ ಸಂಜೆ ದಾಟಿಸಿಬಿಟ್ಟಿದ್ದ ಪುಟಗಳೆಲ್ಲ ಅವು.

"ಬಾರೇ, ಸೂಜಿ ಸಿಕ್ತು!" ಹುಡುಗ ಬಾಗಿಲಲ್ಲಿ ಕರೆದ.

"ತಾಳೋ, ಒಂದ್ನಿಮಿಷ," ಎಂದಳು ಚೂಟಿ. ಇನ್ನೊಂದು ಪುಟವನ್ನು ಮೆಲ್ಲಗೆ ತಿರುವಿದಳು.